ಗುಡ್ಡಕ್ಕ ಏನಂತೀರಿ? ಕೊಪ್ಪಳ ಸೀಮೆಯಲ್ಲಿ ಮೂರು ದಿನ

ಹೊರಡುವ ಮುಂಚೆ

ನಮ್ಮ ಮನೆಯ ಮಾಳಿಗೆ ಏರಿದರೆ ಬಳ್ಳಾರಿಯ ಎರಡೂ ಗುಡ್ಡ ಕಾಣುತ್ತವೆ. ಕೋಟೆ ಹೊತ್ತದ್ದು ಬಳ್ಳಾರಿ ಗುಡ್ಡ, ಅದರ ಜೊತೆಗಿರುವುದು ಕುಂಬಾರ ಗುಡ್ಡ. ಕುಂಬಾರ ಗುಡ್ಡವನ್ನು ಆಗ್ನೇಯದ ಕಡೆಯಿಂದ ನೋಡಿದರೆ ಮನುಷ್ಯನ ಮುಖದ ಹಾಗೆ ಕಾಣುತ್ತದೆ. ಹಾಗಾಗಿ ಈಗಿನವರ ಬಾಯಲ್ಲಿ ಅದು ಫೇಸ್ ಹಿಲ್. ಕಳೆದ ನವೆಂಬರಿನಲ್ಲಿ ಏಳನೇ ತರಗತಿಗೆ ಪಾಠ ಮಾಡುತ್ತ 'ಕುಂಬಾರ ಗುಡ್ಡ ನಮ್ಮ ಶಾಲೆಗೆ ಯಾವ ದಿಕ್ಕು?' ಎಂದು ಕೇಳಿದೆ. ಮಕ್ಕಳು ಒಬ್ಬರ ಮುಖ ಒಬ್ಬರು ನೋಡಿದರು. 'ಫೇಸ್ ಹಿಲ್' ಎಂದದ್ದೇ ತಡ, ಇಡೀ ತರಗತಿ ಕಿಟಕಿಯ ಕಡೆ ಕೈ ಮಾಡಿತು. ಕುಂಬಾರ ಗುಡ್ಡ ಕೋಟೆಗಿಂತ ಎತ್ತರ ಇದೆ ಎಂದು ಆಮೇಲೆ ಗೊತ್ತಾಗಿ, ಕೋಟೆ ಕಟ್ಟಿದ ಫ್ರೆಂಚ್ ಎಂಜಿನಿಯರನನ್ನು ಹೈದರಾಲಿ ಗಲ್ಲಿಗೇರಿಸಿದ ಎಂಬ ಕಥೆ ನಾವು ಹುಡುಗರಾಗಿದ್ದಾಗ ಎಲ್ಲರಿಗೂ ಬರುತ್ತಿತ್ತು. ಹೆಸರು ಮರೆತರೆ ಅದಕ್ಕೆ ಅಂಟಿಕೊಂಡ ಕಥೆಯೂ ಹೋಗುತ್ತದಲ್ಲ ಎಂದು ಅವತ್ತು ರಾತ್ರಿ ನಿದ್ದೆ ಬರಲಿಲ್ಲ.

ಮರುದಿನ ಸೋದರಮಾವನಿಗೆ ಫೋನ್ ಮಾಡಿದೆ. ಮಾವ ಸರ್ವೇ ಖಾತೆಯಲ್ಲಿ ಮೂವತ್ತೊಂದು ವರ್ಷ ಸರಪಳಿ ಹಿಡಿದು ಹೊಲ ಗುಡ್ಡ ಅಳೆದವರು. ಈಗ ಅರವತ್ತೊಂಬತ್ತು. 33 ಅಡಿಯ ಸರಪಳಿ, ಅದರೊಳಗೆ 16 ಆಣೆ, ಒಂದು ಸರಪಳಿ ಉದ್ದ ಒಂದು ಸರಪಳಿ ಅಗಲ ಆದರೆ ಒಂದು ಗುಂಟೆ ಎಂದು ನನಗೆ ಬಾಲ್ಯದಲ್ಲೇ ಬಾಯಿಪಾಠ ಮಾಡಿಸಿದವರು ಅವರೇ. ನಾನು ಹೇಳಿದ್ದನ್ನೆಲ್ಲ ಕೇಳಿ ಅಂದರು: "ಹೆಸರು ಕೇಳದ ಸರಪಳಿ ಬಿಚ್ಚಬ್ಯಾಡ ಅಂತ ನಮ್ಮ ಹಿರೇರು ಕಲಿಸಿದ್ರು, ಅಳಿಯಾ. ಹೊಲಕ್ಕ ಹೋದ ಕೂಡ್ಲೆ ಮೊದಲು ಅಲ್ಲಿದ್ದವರನ್ನ ಕೇಳಬೇಕು, ಈ ಗುಡ್ಡಕ್ಕ ಏನಂತೀರಿ, ಈ ಹಳ್ಳಕ್ಕ ಏನಂತೀರಿ ಅಂತ. ಅವರು ಹೆಂಗ ಅಂತಾರೋ ಹಂಗ ಬರಕೋಬೇಕು. ತಿದ್ದಬಾರದು." ಆಮೇಲೆ ಅವರೇ, "ಡಿಸೆಂಬರ್‌ನ್ಯಾಗ ಬಿಸಲು ಕಮ್ಮಿ. ಕೊಪ್ಪಳ ಕಡೆ ಹೋಗಿ ಬರೋಣೇನು?" ಎಂದರು. ಅವ್ವನ ತವರು ಆ ಕಡೆಯದೇ. ನನಗೂ ಮೂರು ದಿನ ರಜೆ ಉಳಿದಿತ್ತು.

ಮೊದಲ ದಿನ: ಪಾಲ್ಕಿ ಗುಂಡು

ಮುಂಜಾನೆಯ ರೈಲು. ಬಳ್ಳಾರಿ ಬಿಟ್ಟು ತೋರಣಗಲ್ಲು ಬರುವಷ್ಟರಲ್ಲಿ ಎಡಗಡೆ ಸಂಡೂರಿನ ಗುಡ್ಡಸಾಲು ಎದ್ದಿತು. ಈ ಸಾಲು ನೋಡುವುದೇ ಬೇರೆ. ಉದ್ದಕ್ಕೆ ಗೋಡೆ ಕಟ್ಟಿದ ಹಾಗೆ, ನೆತ್ತಿ ಸಮತಟ್ಟು, ಮಣ್ಣು ಕೆಂಪು. ಕಬ್ಬಿಣದ ಅದಿರಿನ ಪದರಗಳು ಮಡಚಿಕೊಂಡು ನಿಂತ ಗುಡ್ಡ ಅದು. ಹೊಸಪೇಟೆ ದಾಟಿ ತುಂಗಭದ್ರೆಯ ಸೇತುವೆ ಮೇಲೆ ರೈಲು ಸದ್ದು ಬದಲಿಸಿದಾಗ ಗುಡ್ಡದ ಜಾತಿಯೂ ಬದಲಾಯಿತು. ಇತ್ತ ಕಡೆ ಸಾಲು ಇಲ್ಲ, ಗೋಡೆ ಇಲ್ಲ. ಬರೀ ಗುಂಡು. ಗುಂಡಿನ ಮೇಲೆ ಗುಂಡು. ಸಂತೆಯಲ್ಲಿ ಕುಂಬಾರ ಗಡಿಗೆ ಒಟ್ಟಿದಂತೆ ಕಲ್ಲುಗಳು ಒಂದರ ಮೇಲೊಂದು ಕೂತಿವೆ. ಸಂಡೂರಿನ ಕಡೆ ಮಲೆ, ಗಿರಿ, ದುರ್ಗ ಎಂಬ ಮಾತು ಬಂದರೆ ಕೊಪ್ಪಳದ ಕಡೆ ಗುಂಡು, ಬಂಡೆ, ಕಲ್ಲು ಎಂದೇ ಹೆಸರು ಮುಗಿಯುವುದಕ್ಕೆ ಇದೇ ಕಾರಣ ಇರಬೇಕು ಎಂದು ನನಗನ್ನಿಸುತ್ತದೆ. ಕಣ್ಣಿಗೆ ಕಂಡದ್ದೇ ಬಾಯಿಗೆ ಬರುತ್ತದೆ.

ಕೊಪ್ಪಳದಲ್ಲಿ ಇಳಿದು ಒಗ್ಗರಣಿ, ಮಿರ್ಚಿ ತಿಂದು ಆಟೋ ಹಿಡಿದೆವು. ಗುಡ್ಡದ ಬುಡದಲ್ಲಿ ಮೇಕೆ ಬಿಟ್ಟುಕೊಂಡು ಕೂತಿದ್ದ ಅಜ್ಜನ ಹತ್ತಿರ ಮಾವ ಹೋದರು. ಜೇಬಿನಿಂದ ಸಣ್ಣ ನೋಟ್‌ಬುಕ್ ತೆಗೆದು, ನೌಕರಿಯಲ್ಲಿ ಕೇಳುತ್ತಿದ್ದ ಧಾಟಿಯಲ್ಲೇ ಕೇಳಿದರು.

"ಯಜಮಾನ್ರ, ಈ ಗುಡ್ಡಕ್ಕ ಏನಂತೀರಿ?"

"ಪಾಲ್ಕಿ ಗುಂಡ್ರೀ."

"ಯಾಕ ಹಂಗಂತೀರಿ?"

ಅಜ್ಜ ಮಾವನನ್ನು ಮೇಲಿಂದ ಕೆಳಗೆ ನೋಡಿ, ಕೋಲನ್ನು ಮೇಲಕ್ಕೆತ್ತಿ ತೋರಿಸಿದ. "ಕಾಣವಲ್ದೇನ್ರೀ? ಪಾಲ್ಕಿ ಐತಲ್ರಿ."

ನಿಜವಾಗಿಯೂ ಇತ್ತು. ನೆತ್ತಿಯ ಮೇಲೆ ಎರಡು ದೊಡ್ಡ ಬಂಡೆ ಎದ್ದು ನಿಂತಿವೆ, ಅವುಗಳ ಮೇಲೆ ಉದ್ದನೆಯ ಚಪ್ಪಟೆ ಕಲ್ಲು ಅಡ್ಡ ಮಲಗಿದೆ. ದೇವರ ಪಲ್ಲಕ್ಕಿಗೆ ಹೊದಿಸಿದ ಮೇಲ್ಕಟ್ಟಿನ ಹಾಗೆಯೇ. ಪಲ್ಲಕ್ಕಿ ಎಂಬುದು ನಮ್ಮ ಕಡೆ ಪಾಲ್ಕಿ. ಕೊಪ್ಪಳ ಸೀಮೆ ಬಹುಕಾಲ ಹೈದರಾಬಾದ್ ಸಂಸ್ಥಾನದಲ್ಲಿ ಸಾಲಾರ್ ಜಂಗ್ ಜಹಗೀರಾಗಿತ್ತು. ಉರ್ದು, ಮರಾಠಿ, ಕನ್ನಡ ಮೂರೂ ಒಂದೇ ಅಂಗಳದಲ್ಲಿ ಆಡಿದ ಜಾಗ ಇದು. ಹಾಗಾಗಿ ಗುಡ್ಡದ ತಲೆಯ ಮೇಲೆ ಪಲ್ಲಕ್ಕಿ ಬದಲು ಪಾಲ್ಕಿ ಕೂತಿತು. ಮಾವ ಹಾಗೆಯೇ ಬರೆದುಕೊಂಡರು.

ಹತ್ತುವ ದಾರಿ ಬಂಡೆಯ ಮೇಲೆಯೇ. ಪಾಲ್ಕಿ ಗುಂಡು ಎಂಬುದು ಕಣ್ಣಿಗೆ ಬಿದ್ದದ್ದನ್ನು ನೋಡಿ ಇಟ್ಟ ಹೆಸರು. ಅದರ ಕೆಳಗೆ ಇನ್ನೂ ಹಳೆಯ ಹೆಸರಿದೆ. ಕವಿರಾಜಮಾರ್ಗ ಒಂಬತ್ತನೇ ಶತಮಾನದ ಕೃತಿ. ಅದು ತಿರುಳ್ಗನ್ನಡದ, ಅಂದರೆ ಅಚ್ಚ ಕನ್ನಡದ ನಾಡನ್ನು ಗುರುತು ಹಾಕುವಾಗ ನಾಲ್ಕು ಊರು ಹೇಳುತ್ತದೆ: ಕಿಸುವೊಳಲು, ಕೊಪಣ, ಪುಲಿಗೆರೆ, ಒಂಕುಂದ. ಕೊಪಣಕ್ಕೆ 'ವಿದಿತ ಮಹಾ' ಎಂಬ ವಿಶೇಷಣ ಬೇರೆ. ಆ ಕೊಪಣವೇ ಈ ಕೊಪ್ಪಳ. ಕವಿ ರನ್ನ 993ರಲ್ಲಿ ಅಜಿತಪುರಾಣ ಬರೆದು, ತನಗೆ ಆಶ್ರಯ ಕೊಟ್ಟ ಅತ್ತಿಮಬ್ಬೆಯ ಚರಿತ್ರೆ ಎಷ್ಟು ಶುದ್ಧ ಎಂದು ಹೇಳಬೇಕಾದಾಗ ಬಿಳಿ ಅರಳೆ ಸಾಲದೆ, ಗಂಗೆಯ ನೀರು ಸಾಲದೆ ಕೊಪಣಾಚಲವನ್ನೂ ತಂದ. ಅಚಲ ಎಂದರೆ ಬೆಟ್ಟ. ಸಾವಿರ ವರ್ಷದ ಹಿಂದೆ ಕನ್ನಡದ ಕವಿಯೊಬ್ಬನಿಗೆ ಪವಿತ್ರ ಎನ್ನುವ ಮಾತಿನ ಜೊತೆಗೆ ನೆನಪಾದದ್ದು ನಾವು ಏದುಸಿರು ಬಿಡುತ್ತ ಹತ್ತುತ್ತಿದ್ದ ಈ ಕಲ್ಲುಗುಡ್ಡಗಳ ಊರು. ಇದನ್ನು ಮಾವನಿಗೆ ಹೇಳಿದಾಗ ಅವರು ಒಂದು ಬಂಡೆಗೆ ಕೈ ಊರಿ ಸುಮ್ಮನೆ ನಿಂತರು. ಸ್ವಲ್ಪ ಹೊತ್ತಾದ ಮೇಲೆ, "ನಮ್ಮ ಟಿಪ್ಪಣಿಯೊಳಗ ಇದು ಬರೀ ಸರ್ಕಾರಿ ಗುಡ್ಡ ಅಂತ ಐತಿ" ಎಂದರು.

ಕೊಪಣ ಜೈನರಿಗೆ ಮಹಾತೀರ್ಥವಾಗಿತ್ತು. ಪಾಲ್ಕಿ ಗುಂಡಿನ ಮೇಲೆ ಬಂಡೆಯಲ್ಲಿ ಎರಡು ಪಾದ ಕೆತ್ತಿದ್ದಾರೆ. ಜಟಾಸಿಂಹನಂದಿ ಆಚಾರ್ಯರ ಪಾದಗಳನ್ನು ಚಾವಯ್ಯ ಎಂಬುವನು ಮಾಡಿಸಿದ ಎಂದು ಹಳಗನ್ನಡದ ಬರಹ ಇದೆ. ಸಂಸ್ಕೃತದಲ್ಲಿ ವರಾಂಗಚರಿತ ಬರೆದ ಜಟಾಸಿಂಹನಂದಿಯೇ ಈತ ಎಂದು ವಿದ್ವಾಂಸರು ಗುರುತಿಸಿದ್ದಾರೆ. ಕಾವ್ಯ ಬರೆದವನ ಹೆಜ್ಜೆಯನ್ನು ಕಲ್ಲಲ್ಲಿ ಉಳಿಸಿಕೊಂಡ ಗುಡ್ಡ ಇನ್ನೆಲ್ಲಿದೆ?

ಅಶೋಕನ ಶಾಸನವೂ ಇಲ್ಲೇ. ಎರಡು ಸಾವಿರದ ಇನ್ನೂರು ವರ್ಷಕ್ಕೂ ಹೆಚ್ಚು ಕಾಲ ಮಳೆ ಗಾಳಿ ತಿಂದು ಅಕ್ಷರಗಳು ಬಹಳ ಸವೆದಿವೆ. ಬೆಳಕು ಓರೆಯಾಗಿ ಬಿದ್ದಾಗ ಮಾತ್ರ ಅಲ್ಲೊಂದು ಇಲ್ಲೊಂದು ಗೀರು ಎದ್ದು ಕಾಣುತ್ತದೆ. ಇದನ್ನೂ ಗವಿಮಠದ ಶಾಸನವನ್ನೂ 1931ರಲ್ಲಿ ಹೊರ ಜಗತ್ತಿಗೆ ತೋರಿಸಿದವರು ಕೊಪ್ಪಳದವರೇ ಆದ ಎನ್.ಬಿ. ಶಾಸ್ತ್ರಿ.

ಸಂಜೆ ಗವಿಮಠಕ್ಕೆ ಹೋದೆವು. ಇದರ ಹೆಸರು ಸರಳ: ಗವಿ ಇದೆ, ಮಠ ಇದೆ. ಜನವರಿಯ ಜಾತ್ರೆಗೆ ತೇರಿನ ಮೈದಾನವನ್ನು ಈಗಲೇ ಹಸನು ಮಾಡುತ್ತಿದ್ದರು. ಇಲ್ಲಿನ ಅಶೋಕ ಶಾಸನ ಚೆನ್ನಾಗಿ ಉಳಿದಿದೆ. ಎಂಟು ಸಾಲು. ಕೊಡೆಯ ಹಾಗೆ ಚಾಚಿಕೊಂಡ ಬಂಡೆಯ ಆಸರೆ ಇದ್ದದ್ದರಿಂದ ಮಳೆ ನೀರು ನೇರ ಬಿದ್ದಿಲ್ಲ. ಆದರೆ ಎಂಟು ಸಾಲಿನಲ್ಲಿ ಎಲ್ಲಿಯೂ ಅಶೋಕ ಎಂಬ ಹೆಸರಿಲ್ಲ. ದೇವಾನಂಪಿಯ, ಅಂದರೆ ದೇವರಿಗೆ ಪ್ರಿಯನಾದವ, ಹೀಗೆ ಹೇಳುತ್ತಾನೆ ಎಂದು ಶುರುವಾಗುತ್ತದೆ. ಇಂಗ್ಲಿಷ್ ವಿದ್ವಾಂಸ ಜೇಮ್ಸ್ ಪ್ರಿನ್ಸೆಪ್ 1837ರಲ್ಲಿ ಈ ಶಾಸನಗಳ ಬ್ರಾಹ್ಮಿ ಲಿಪಿ ಓದಿದ ಮೇಲೂ ಈ ದೇವಾನಂಪಿಯ ಯಾರು ಎಂಬುದನ್ನು ಸಿಂಹಳದ ಗ್ರಂಥಗಳ ಆಧಾರದ ಮೇಲೆ ಹೇಳಬೇಕಾಗಿತ್ತು. ಕಲ್ಲಿನ ಬಾಯಿಂದಲೇ 'ಅಶೋಕ' ಎಂದು ಹೇಳಿಸಿದ್ದು ರಾಯಚೂರು ಜಿಲ್ಲೆಯ ಮಸ್ಕಿಯ ಗುಡ್ಡ, 1915ರಲ್ಲಿ. ಚಿನ್ನದ ಗಣಿಯ ಎಂಜಿನಿಯರ್ ಬೀಡನ್ ಕಣ್ಣಿಗೆ ಅದು ಬಿತ್ತು. ಮುಂದೆ ನಮ್ಮ ಸಿರುಗುಪ್ಪ ತಾಲೂಕಿನ ನಿಟ್ಟೂರು, ಉಡೇಗೋಳದ ಕಲ್ಲುಗಳೂ ಆ ಹೆಸರು ಹೇಳಿದವು. ಇಡೀ ಜಂಬೂದ್ವೀಪ ಆಳಿದವನ ಹೆಸರಿಗೆ ಸಾಕ್ಷಿ ಹೇಳಿದವು ನಮ್ಮ ಬಿಸಿಲುಸೀಮೆಯ ಗುಂಡುಗಳು ಎಂದು ನಾನು ಪ್ರತಿ ವರ್ಷ ಪಾಠದಲ್ಲಿ ಹೇಳುತ್ತೇನೆ, ಪ್ರತಿ ವರ್ಷವೂ ಮೈ ಜುಮ್ಮೆನ್ನುತ್ತದೆ.

ರಾತ್ರಿ ಲಾಡ್ಜಿನಲ್ಲಿ ಮಾವ ನೋಟ್‌ಬುಕ್ ತೆಗೆದು ಎರಡು ಸಾಲು ಬರೆದರು. 'ಪಾಲ್ಕಿ ಗುಂಡು. ಹೇಳಿದವರು: ಮೇಕೆ ಕಾಯುವ ಅಜ್ಜ.' 'ಕೊಪಣಾಚಲ. ಹೇಳಿದವರು: ರನ್ನ.'

ಎರಡನೇ ದಿನ: ಮೋರ್ಯರ ಗುಡ್ಡ

ನಾನು ಈ ಪ್ರಯಾಣಕ್ಕೆ ಹೊರಟದ್ದೇ ಈ ದಿನಕ್ಕಾಗಿ. ಕೊಪ್ಪಳದಿಂದ ಗಂಗಾವತಿ ಬಸ್ಸು ಹತ್ತಿ, ಗಂಗಾವತಿ ಇನ್ನು ಸುಮಾರು ಹತ್ತು ಕಿಲೋಮೀಟರ್ ಇರುವಾಗ ಹಿರೇಬೆಣಕಲ್ ಹತ್ತಿರ ಇಳಿದೆವು. ತುಂಗಭದ್ರಾ ಎಡದಂಡೆ ಕಾಲುವೆಯ ನೀರಿನ ಸೀಮೆ ಇದು. ಕಣ್ಣು ಹಾಯುವವರೆಗೆ ಭತ್ತದ ಗದ್ದೆ, ಅದರ ಅಂಚಿಗೆ ಒಮ್ಮೆಲೇ ಬೋಳು ಕಲ್ಲಿನ ಗುಡ್ಡ. ಊರಲ್ಲಿ ಬೆಳಗಿನ ಚಹಾ ಕುಡಿಯುತ್ತ ಮಾವ ಮತ್ತೆ ಅದೇ ಪ್ರಶ್ನೆ ಕೇಳಿದರು. ಅಂಗಡಿಯ ಮುಂದೆ ಕೂತಿದ್ದ ಐದಾರು ಜನರಲ್ಲಿ ಒಬ್ಬೊಬ್ಬರೂ ಒಂದೊಂದು ಹೇಳಿದರು. ಒಬ್ಬರಿಗೆ ಅದು ಮೋರ್ಯರ ಗುಡ್ಡ. ಇನ್ನೊಬ್ಬರಿಗೆ ಏಳು ಗುಡ್ಡ. ಮೂರನೆಯವರು, "ಇಡೀ ಸಾಲಿಗೆ ಏಳು ಗುಡ್ಡ ಅಂತೀವ್ರೀ, ಮನಿ ಇರೋ ಗುಡ್ಡ ಅಷ್ಟ ಮೋರ್ಯರದ್ದು" ಎಂದು ಬಿಡಿಸಿ ಹೇಳಿದರು. ಮಾವನ ಮುಖ ಅರಳಿತು. ಒಂದೇ ಗುಡ್ಡಕ್ಕೆ ಎರಡು ಹೆಸರು ಸಿಕ್ಕರೆ ಮೋಜಣಿದಾರ ಅಲ್ಲಿಗೇ ನಿಲ್ಲಬಾರದು, ಯಾವುದು ಸಾಲಿನದು ಯಾವುದು ನೆತ್ತಿಯದು ಎಂದು ಕೇಳಬೇಕು ಎಂದು ನನಗೆ ದಾರಿಯುದ್ದಕ್ಕೂ ಹೇಳಿದರು.

ದಾರಿ ತೋರಿಸಲು ಹತ್ತನೇ ತರಗತಿ ಓದುವ ಹುಡುಗನೊಬ್ಬ ಬಂದ. ಜಾಲಿ, ಸೀತಾಫಲದ ಗಿಡಗಳ ನಡುವೆ ಕಲ್ಲುದಾರಿ. ಕರಡಿ ಚಿರತೆ ಓಡಾಡುವ ಜಾಗ, ಹೊತ್ತು ಮುಳುಗುವ ಮೊದಲು ಇಳಿದುಬಿಡಬೇಕು ಎಂದು ಊರವರು ಎರಡು ಸಲ ಹೇಳಿ ಕಳಿಸಿದ್ದರು. ಮಾವ ನಿಂತು ನಿಂತು ಹತ್ತಿದ್ದರಿಂದ ನಮಗೆ ಒಂದೂವರೆ ತಾಸು ಹಿಡಿಯಿತು. ಕೊನೆಯ ಏರು ದಾಟಿ ಬಯಲಿನಂಥ ಬಂಡೆಹಾಸಿಗೆ ಕಾಲಿಟ್ಟೆವು.

ಎದುರಿಗೆ ಒಂದು ಊರು. ಕಲ್ಲಿನ ಮನೆಗಳ ಊರು. ಸಾಲು ಸಾಲಾಗಿ, ಕೆಲವು ನಮ್ಮ ಮೊಣಕಾಲುದ್ದ, ಕೆಲವು ಆಳೆತ್ತರ ಮೀರಿದವು. ಒಳಗೆ ಯಾರೂ ಇಲ್ಲ, ಗಾಳಿ ಮಾತ್ರ ಕಿಂಡಿಯಿಂದ ಕಿಂಡಿಗೆ ಹೋಗುತ್ತಿತ್ತು. ಮಾವ ಚಪ್ಪಲಿ ಬಿಟ್ಟರು. ಇಲ್ಲಿ ಗುಡಿ ಇಲ್ಲವಲ್ಲ ಎಂದೆ. "ಸತ್ತವರ ಮನಿ ಅಲ್ಲೇನು?" ಎಂದರು. ನಾನೂ ಬಿಟ್ಟೆ.

ಇಲ್ಲಿ ಸುಮಾರು 400 ಕಲ್ಗೋರಿಗಳಿವೆ. ಕ್ರಿಸ್ತಪೂರ್ವ 800ರಿಂದ 200ರ ನಡುವೆ, ಕಬ್ಬಿಣದ ಕಾಲದ ಜನ ತಮ್ಮ ಸತ್ತವರಿಗಾಗಿ ಕಟ್ಟಿದವು. 2021ರಲ್ಲಿ ಯುನೆಸ್ಕೋದ ವಿಶ್ವ ಪರಂಪರೆಯ ಸಂಭಾವ್ಯ ಪಟ್ಟಿಗೆ ಈ ಗುಡ್ಡದ ಹೆಸರು ಸೇರಿತು. ಕಟ್ಟಿದ ಬಗೆ ನೋಡಿದರೆ ಕೈ ಮುಗಿಯಬೇಕು. ನಾಲ್ಕು ಕಡೆ ನಾಲ್ಕು ಚಪ್ಪಡಿ ನಿಲ್ಲಿಸುತ್ತಾರೆ, ಒಂದೊಂದರ ಅಂಚು ಪಕ್ಕದ್ದನ್ನು ದಾಟಿ ಹೊರಗೆ ಚಾಚಿಕೊಳ್ಳುತ್ತದೆ. ಮೇಲಿನಿಂದ ನೋಡಿದರೆ ಸ್ವಸ್ತಿಕದ ಆಕಾರ. ಒಂದು ಚಪ್ಪಡಿ ಒಳಗೆ ಬೀಳಲು ಹೋದರೆ ಪಕ್ಕದ್ದು ತಡೆಯುತ್ತದೆ, ಪಕ್ಕದ್ದನ್ನು ಅದರ ಪಕ್ಕದ್ದು. ಗಾರೆ ಇಲ್ಲ, ಮೊಳೆ ಇಲ್ಲ. ಮೇಲೆ ಇನ್ನೊಂದು ಚಪ್ಪಡಿಯ ಭಾರ. ಒಂದು ಗೋಡೆಯಲ್ಲಿ ದುಂಡಗಿನ ಕಿಂಡಿ.

ಇಷ್ಟೊಂದು ಚಪ್ಪಡಿ ಎಲ್ಲಿಂದ ತಂದರು ಎಂದು ಹುಡುಗ ಕೇಳಿದ. ಎಲ್ಲಿಂದಲೂ ಇಲ್ಲ, ನಿನ್ನ ಕಾಲ ಕೆಳಗೇ ಇತ್ತು ಎಂದೆ. ಗ್ರಾನೈಟ್ ಭೂಮಿಯ ಒಳಗೆ ಬಲು ಆಳದಲ್ಲಿ ಒತ್ತಡದಲ್ಲಿ ಗಟ್ಟಿಯಾದ ಕಲ್ಲು. ಮೇಲಿನ ಹೊರೆ ಸವೆದು ಹೋದಂತೆ ಅದು ಉಸಿರು ಬಿಟ್ಟ ಹಾಗೆ ಹಿಗ್ಗುತ್ತದೆ, ಮೇಲ್ಮೈಗೆ ಸಮನಾಗಿ ಬಿರುಕು ಬಿಟ್ಟು ಈರುಳ್ಳಿಯ ಸಿಪ್ಪೆಯಂತೆ ಪದರ ಪದರವಾಗಿ ಏಳುತ್ತದೆ. ಆ ಸಿಪ್ಪೆಯನ್ನೇ ಅವರು ಎಬ್ಬಿಸಿ ನಿಲ್ಲಿಸಿದರು. ಅದೇ ಬಿರುಕುಗಳು ನೆಟ್ಟಗೆ ಅಡ್ಡಡ್ಡ ಹೋದ ಕಡೆ ಬಂಡೆ ಚೌಕ ಚೌಕವಾಗಿ ಒಡೆದು, ಚೌಕದ ಮೂಲೆಗಳು ನೀರಿಗೆ ಸವೆದು ಗುಂಡಾಗುತ್ತದೆ. ಈ ಸೀಮೆಯ ಗುಂಡುಗಳನ್ನು ಯಾವ ರಾಕ್ಷಸನೂ ತಂದು ಒಟ್ಟಿಲ್ಲ. ಬಹುಪಾಲು ಅವು ಇದ್ದಲ್ಲೇ ಇದ್ದು ಸುತ್ತಲಿನ ಮಣ್ಣು ಹೋದದ್ದರಿಂದ ಎದ್ದು ನಿಂತವು. ಹುಡುಗ ಬಂಡೆಯ ಒಂದು ಸಿಪ್ಪೆಯ ಕೆಳಗೆ ಬೆರಳು ತೂರಿಸಿ ನೋಡಿ ನಕ್ಕ.

"ಈ ಮೋರ್ಯರು ಅಂದ್ರ ಯಾರಪ್ಪ?" ಮಾವ ಅವನನ್ನು ಕೇಳಿದರು.

"ನಮ್ಮ ಆಯಿ ಹೇಳ್ತಾಳ್ರೀ, ಅವ್ರು ಮೂರ್ ಅಡಿ ಇದ್ರಂತ. ಗಿಡ್ಡ ಇದ್ರೂ ಭಾಳ ಶಕ್ತಿ. ಬೆಂಕಿ ಮಳಿ ಬರ್ತೈತಿ ಅಂತ ಗೊತ್ತಾಗಿ ಕಲ್ಲಿನ ಮನಿ ಕಟಗೊಂಡ್ರಂತ. ಆದ್ರೂ ಉಳೀಲಿಲ್ಲಂತ್ರಿ."

ಕಥೆ ಎಷ್ಟು ಚೆನ್ನಾಗಿ ಹೊಂದಿಕೊಂಡಿದೆ ನೋಡಿ. ಮನೆಗಳು ಗಿಡ್ಡ, ಹಾಗಾಗಿ ಇದ್ದವರೂ ಗಿಡ್ಡ. ಕಲ್ಲು ಭಾರ, ಹಾಗಾಗಿ ಶಕ್ತಿವಂತರು. ಈಗ ಒಬ್ಬರೂ ಇಲ್ಲ, ಹಾಗಾಗಿ ಬೆಂಕಿಯ ಮಳೆ. ಕಣ್ಣ ಮುಂದಿನ ಮೂರು ಸಂಗತಿಗೆ ಮೂರು ಉತ್ತರ. ಆ ಆಯಿಯ ಆಯಿ ಯಾರೋ ಈ ಬಂಡೆಯ ಮೇಲೆ ಕೂತು ಸರಿಯಾದ ಪ್ರಶ್ನೆಗಳನ್ನೇ ಕೇಳಿಕೊಂಡಿದ್ದಳು.

ಓದಿದವರು ಮೋರ್ಯ ಎಂದರೆ ಮೌರ್ಯ ಎನ್ನುತ್ತಾರೆ. ಕೇಳಿದ ಕೂಡಲೇ ಹೌದೆನ್ನಿಸುತ್ತದೆ. ನಿನ್ನೆ ತಾನೇ ಕೊಪ್ಪಳದಲ್ಲಿ ಮೌರ್ಯ ಅಶೋಕನ ಎರಡು ಶಾಸನ ನೋಡಿದ್ದೆವು. ಸಂಗಂ ಕಾಲದ ತಮಿಳು ಕವಿತೆಗಳೂ ಮೌರ್ಯರನ್ನು ಮೋರಿಯರ್ ಎಂದೇ ಕರೆಯುತ್ತವೆ. ಆದರೆ ಕಾಲ ಹೊಂದುವುದಿಲ್ಲ. ಅಶೋಕ ಕ್ರಿಸ್ತಪೂರ್ವ ಮೂರನೇ ಶತಮಾನದವನು. ಈ ಗುಡ್ಡದಲ್ಲಿ ಕಲ್ಲು ನಿಲ್ಲಿಸುವ ಕೆಲಸ ಅವನಿಗಿಂತ ನೂರಾರು ವರ್ಷ ಮೊದಲೇ ಶುರುವಾಗಿತ್ತು. ಅಲ್ಲದೆ ಮೋರ್ಯರ ಮನೆ ಎಂಬ ಮಾತು ಕರ್ನಾಟಕದಲ್ಲಿ ಅಶೋಕನ ಶಾಸನ ಇಲ್ಲದ ಕಡೆಗಳಲ್ಲೂ ಇಂಥದ್ದೇ ಗೋರಿಗಳಿಗೆ ಇದೆ. ಇನ್ನು ಕೆಲವು ಕಡೆ ಇವೇ ಗೋರಿಗಳು ಪಾಂಡವರ ಪಾಲಾಗಿವೆ. ಕೊಡಗಿನಲ್ಲಿ ಪಾಂಡುಪಾರೆ ಎನ್ನುತ್ತಾರೆ. ಯಾರು ಕಟ್ಟಿದರೆಂದು ಮರೆತುಹೋದಾಗ ಜನ ತಾವು ಕೇಳಿದ ಅತಿ ಹಳೆಯ ಹೆಸರಿಗೆ ಅದನ್ನು ಒಪ್ಪಿಸಿಬಿಡುತ್ತಾರೆ. ಹಾಗಾಗಿ ಗುಡ್ಡದ ಹೆಸರನ್ನು 'ಮೌರ್ಯರ ಬೆಟ್ಟ' ಎಂದು ತಿದ್ದಿ ಬರೆಯುವುದನ್ನು ನಾನು ಒಪ್ಪುವುದಿಲ್ಲ. ಹಾಗೆ ಬರೆದರೆ ಆ ಆಯಿಯ ಗಿಡ್ಡ ಜನ, ಬೆಂಕಿ ಮಳೆ ಎಲ್ಲ ಒಂದೇ ಏಟಿಗೆ ಸುಳ್ಳಾಗಿ, ಅವುಗಳ ಜಾಗದಲ್ಲಿ ಇನ್ನೊಂದು ತಪ್ಪು ಬಂದು ಕೂರುತ್ತದೆ. ಮೋರ್ಯರು ಮೋರ್ಯರೇ.

ಒಂದು ಯೋಚನೆ ಮಾತ್ರ ಬಿಡಲಿಲ್ಲ. ಗೋರಿ ಕಟ್ಟುವ ಪದ್ಧತಿ ಕ್ರಿಸ್ತಪೂರ್ವ 200ರ ಹೊತ್ತಿಗೆ ಮುಗಿದಿತ್ತು ಎಂದರೆ, ಕೊಪ್ಪಳದ ಬಂಡೆಯ ಮೇಲೆ ಕಲ್ಕುಟಿಗ ದೇವಾನಂಪಿಯನ ಮಾತು ಕೆತ್ತುತ್ತಿದ್ದ ಕಾಲಕ್ಕೆ ಇಲ್ಲಿ ಇನ್ನೂ ಯಾರೋ ಚಪ್ಪಡಿ ಎತ್ತುತ್ತಿದ್ದಿರಬಹುದು. ಅಲ್ಲಿ ಅಕ್ಷರ ಬಲ್ಲ ಒಬ್ಬ, ಇಲ್ಲಿ ಅಕ್ಷರವಿಲ್ಲದೆ ಸತ್ತ ತಂದೆಗೋ ತಾಯಿಗೋ ಮನೆ ಕಟ್ಟುವ ಒಬ್ಬ. ಅಲ್ಲಿಯವನು ಬರೆದದ್ದನ್ನು ನಾವು ಓದಿದೆವು. ಇಲ್ಲಿಯವನು ತನ್ನ ಗುಡ್ಡಕ್ಕೆ ಏನೆನ್ನುತ್ತಿದ್ದ? ಅದನ್ನು ಯಾರೂ ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಲಿಲ್ಲ.

ಹತ್ತು ಮೀಟರಿನಷ್ಟು ಎತ್ತರದ ಬಂಡೆಯೊಂದರ ಮೇಲೆ ನಗಾರಿಯ ಆಕಾರದ ಅರೆಗುಂಡು ಇದೆ. ಬಡಿದರೆ ಲೋಹದ ಹಾಗೆ ಮೊಳಗಿ ಕಿಲೋಮೀಟರ್ ಆಚೆಗೂ ಕೇಳುತ್ತದೆ ಎನ್ನುತ್ತಾರೆ. ಹುಡುಗ ಹತ್ತಿ ಬಡಿದು ತೋರಿಸುತ್ತೇನೆ ಎಂದ. ಬೇಡವೆಂದೆವು. ಅಷ್ಟು ವರ್ಷ ಉಳಿದದ್ದಕ್ಕೆ ನಮ್ಮಿಂದ ಒಂದು ಏಟೂ ಬೇಡ. ಸುತ್ತ ನೋಡಿದರೆ ನಿಧಿ ಆಸೆಗೆ ಅಗೆದು ಉರುಳಿಸಿದ ಚಪ್ಪಡಿಗಳು ಎಷ್ಟೋ. ಗೋರಿಯಲ್ಲಿ ಚಿನ್ನ ಹುಡುಕುವವರನ್ನು ನೆನೆದರೆ ಸಿಟ್ಟಿಗಿಂತ ಹೆಚ್ಚಾಗಿ ಹೊಟ್ಟೆ ಸಂಕಟವಾಗುತ್ತದೆ. ಮಾವ ಬಿದ್ದ ಒಂದು ಚಪ್ಪಡಿಯ ಪಕ್ಕ ಕುಕ್ಕರಗಾಲಲ್ಲಿ ಕೂತು ಅದರ ಅಂಚನ್ನು ಅಂಗೈಯಿಂದ ಒರೆಸುತ್ತಿದ್ದರು.

ರೊಟ್ಟಿ, ಶೇಂಗಾ ಚಟ್ನಿ ಕಟ್ಟಿಕೊಂಡು ಹೋಗಿದ್ದೆವು. ಅಲ್ಲಿಯ ಸಣ್ಣ ಕೆರೆಯ ಹತ್ತಿರ ನೆರಳಲ್ಲಿ ಮೂವರೂ ಉಂಡು, ನಾಲ್ಕು ಗಂಟೆಗೆ ಇಳಿಯಲು ಶುರು ಮಾಡಿದೆವು.

ಮೂರನೇ ದಿನ: ಅಂಜನಾದ್ರಿ

ಗಂಗಾವತಿಯಿಂದ ನಸುಕಿನಲ್ಲೇ ಹೊರಟೆವು. ಹತ್ತು ಹನ್ನೆರಡು ಕಿಲೋಮೀಟರ್ ದಾರಿ. ಹನುಮಮಾಲೆ ಧರಿಸಿದವರು ಗುಂಪು ಗುಂಪಾಗಿ ಬರುತ್ತಿದ್ದರು. 575 ಮೆಟ್ಟಿಲು. ಮಾವ ನಿನ್ನೆಯ ದಣಿವಿಗೆ ಅರ್ಧಕ್ಕೆ ಕೂತು, "ನೀ ಹೋಗಿರು, ಹೊತ್ತು ಮೂಡೋದು ತಪ್ಪಿಸಿಕೋಬ್ಯಾಡ" ಎಂದರು. ಆದರೆ ನಾನು ತಲುಪಿದ ಕಾಲು ತಾಸಿಗೆ ಅವರೂ ಬಂದರು.

ಮೇಲಿಂದ ಕಂಡದ್ದನ್ನು ಬರೆಯದೆ ಇರಲಾರೆ. ಬಂಡೆಗಳ ನಡುವೆ ತುಂಗಭದ್ರೆ ಬಳುಕಿ ಹರಿಯುತ್ತಾಳೆ. ಈಚೆ ದಡದಲ್ಲಿ ಭತ್ತ, ಬಾಳೆ. ಆಚೆ ದಡದಲ್ಲಿ ಮಂಜಿನೊಳಗಿಂದ ವಿರೂಪಾಕ್ಷನ ಗೋಪುರ, ಅದರ ಪಕ್ಕ ಮತಂಗ ಪರ್ವತ. ಸೂರ್ಯ ಬಂದ ಹಾಗೆ ಒಂದೊಂದೇ ಗುಂಡು ಕೆಂಪಗೆ ಹೊತ್ತಿಕೊಂಡಿತು.

ಕಾಯಿ ಮಾರುವ ಅಮ್ಮನನ್ನು ಮಾವ ಕೇಳಿದರು. "ಅಂಜನಾದ್ರಿ ಬೆಟ್ಟ" ಎಂದಳು, ಫಲಕ ಓದಿದ ಹಾಗೆ. "ನೀವು ಸಣ್ಣವರಿದ್ದಾಗ ಮನ್ಯಾಗ ಏನಂತಿದ್ರಿ ಅವ್ವಾ?" ಎಂದು ಮತ್ತೆ ಕೇಳಿದರು. ಅವಳು ನಕ್ಕಳು. "ಹನುಮಪ್ಪನ ಗುಡ್ಡಕ್ಕ ಹೋಗಿ ಬರೂಣು ಅಂತಿದ್ವಿರೀ." ನಮ್ಮ ಅಜ್ಜಿಯೂ ಹಾಗೆಯೇ ಅನ್ನುತ್ತಿದ್ದಳು. ಅದ್ರಿ ಸಂಸ್ಕೃತ, ಬೆಟ್ಟ ಕನ್ನಡ. ಅಂಜನಾದ್ರಿ ಬೆಟ್ಟ ಎಂದರೆ ಬೆಟ್ಟ ಎಂದು ಎರಡು ಸಲ ಹೇಳಿದಂತೆ. ಮಾವ ಎರಡನ್ನೂ ಬರೆದುಕೊಂಡರು.

ಅಂಜನಾ ಎಂದರೆ ಹನುಮನ ತಾಯಿ. ಅಂಜನ ಎಂದರೆ ಕಣ್ಣಿಗೆ ಹಚ್ಚುವ ಕಾಡಿಗೆ. ಈ ಹೆಸರಿನ ಬೆಟ್ಟ ಇದೊಂದೇ ಅಲ್ಲ. ತಿರುಮಲದ ಏಳು ಬೆಟ್ಟಗಳಲ್ಲಿ ಒಂದು ಅಂಜನಾದ್ರಿ. ಹನುಮ ಹುಟ್ಟಿದ್ದು ಅಲ್ಲಿಯೇ ಎಂದು ತಿರುಮಲ ತಿರುಪತಿ ದೇವಸ್ಥಾನ 2021ರ ಏಪ್ರಿಲ್‌ನಲ್ಲಿ ಘೋಷಿಸಿದಾಗ ನಮ್ಮ ಕಡೆಯವರು ಬಹಳ ನೊಂದರು. ನಾಸಿಕದ ಹತ್ತಿರ ಅಂಜನೇರಿ ಇದೆ. ಝಾರ್ಖಂಡದ ಗುಮ್ಲಾ ಕಡೆ ಆಂಜನ್ ಎಂಬ ಊರಿದೆ. ಭಕ್ತಿ ಇರುವ ಕಡೆಯೆಲ್ಲ ತಾಯಿಯೊಬ್ಬಳು ಬೆಟ್ಟವಾಗಿದ್ದಾಳೆ. ಆದರೂ ನನ್ನ ಮನಸ್ಸು ಈ ದಡದ ಕಡೆಗೇ ವಾಲುವುದಕ್ಕೆ ಕಾರಣವಿದೆ. ಒಂದು ಹೆಸರು ಎಲ್ಲಿ ಬೇಕಾದರೂ ಒಂಟಿಯಾಗಿ ಹೋಗಿ ನೆಲೆಸಬಹುದು. ಇಲ್ಲಿ ಹೆಸರುಗಳು ಸಂಸಾರ ಸಮೇತ ಇವೆ. ಕಿಷ್ಕಿಂಧೆ, ಋಷ್ಯಮೂಕ, ಮತಂಗ, ಮಾಲ್ಯವಂತ, ಪಂಪಾಸರೋವರ, ಎಲ್ಲವೂ ನಡೆದು ಮುಟ್ಟುವ ದೂರದಲ್ಲಿ. ಪಂಪಾ ಎಂಬುದು ನದಿಯ ಹಳೆಯ ಹೆಸರು. ಹಳಗನ್ನಡದ ಪಾಲು ಹಾಲಾದಂತೆ, ಪೂ ಹೂವಾದಂತೆ ಪಂಪೆ ಹಂಪೆಯಾಯಿತು. ಊರ ಹೆಸರು ಬದಲಾದರೂ ಗುಡಿಯೊಳಗಿನ ದೇವರು ಇವತ್ತಿಗೂ ಪಂಪಾಪತಿ.

ಕಲ್ಲಿಗೂ ಒಂದು ಹೆಸರಿದೆ, ಅದು ಕೇಳಿ ಮಾವ ಬೆರಗಾದರು. ನಮ್ಮ ಕಾಲ ಕೆಳಗಿದ್ದ ಗುಲಾಬಿ ಬಣ್ಣದ ಹರಳುಗಳ ಬಂಡೆ ಸುಮಾರು 250 ಕೋಟಿ ವರ್ಷ ಹಳೆಯದು. ರಾಮನಗರದ ಕಡೆಯಿಂದ ಉತ್ತರಕ್ಕೆ ಸೊಂಟಪಟ್ಟಿಯಂತೆ ಬಂದು ಈ ಭಾಗದಲ್ಲಿ ಮುಗಿಯುವ ಈ ಪಟ್ಟಿಗೆ ಭೂವಿಜ್ಞಾನಿಗಳು ಕ್ಲೋಸ್‌ಪೇಟೆ ಗ್ರಾನೈಟ್ ಎನ್ನುತ್ತಾರೆ. ರಾಮನಗರದ ಹಳೆಯ ಹೆಸರು ಕ್ಲೋಸ್‌ಪೇಟೆ. ಮೈಸೂರಿನಲ್ಲಿ ಬ್ರಿಟಿಷ್ ರೆಸಿಡೆಂಟ್ ಆಗಿದ್ದ ಬ್ಯಾರಿ ಕ್ಲೋಸ್‌ನ ನೆನಪಿಗೆ ಇಟ್ಟದ್ದು. ಊರು ಆ ಹೆಸರು ಬಿಟ್ಟಿತು, ಕಲ್ಲು ಬಿಡಲಿಲ್ಲ. "ಅಂದ್ರ ಹನುಮಪ್ಪನ ಗುಡ್ಡದ ಕಲ್ಲಿಗೆ ಸಾಹೇಬನ ಹೆಸರು?" ಎಂದು ಮಾವ ಬಂಡೆಯನ್ನೊಮ್ಮೆ ಮುಟ್ಟಿ ನೋಡಿದರು.

ಇಳಿದು ಆನೆಗೊಂದಿಯ ಬೀದಿಗಳಲ್ಲಿ ಸ್ವಲ್ಪ ತಿರುಗಿದೆವು. ಆನೆಗುಂದಿ ಎಂದು ಬರೆದು ಆನೆಯ ಗುಂಡಿ ಎಂದು ಅರ್ಥ ಹೇಳುವವರು ಬಹಳ. ಆದರೆ ವಿಜಯನಗರ ಕಾಲದವರು ಈ ಊರನ್ನು ಸಂಸ್ಕೃತದಲ್ಲಿ ಕುಂಜರಕೋಣ ಎಂದರು. ಕುಂಜರ ಆನೆ, ಕೋಣ ಎಂದರೆ ಮೂಲೆ. ಗೊಂದಿ ಎಂದರೆ ನಮ್ಮ ಮಾತಿನಲ್ಲಿ ಮೂಲೆ, ಇಕ್ಕಟ್ಟಿನ ಓಣಿ. ಅವರ ಕಿವಿಗೆ ಬಿದ್ದದ್ದು ಗುಂಡಿಯಲ್ಲ, ಗೊಂದಿ. ಭಾಷಾಂತರ ಮಾಡಿದವನೊಬ್ಬ ಅರ್ಥವನ್ನು ಹೀಗೆ ಕಾಪಾಡಿಟ್ಟ. ಊರ ಬಾಗಿಲಲ್ಲಿ ಕೂತು ಬಾಳೆಹಣ್ಣು ತಿನ್ನುತ್ತ ಇದನ್ನು ಹೇಳಿದಾಗ ಮಾವ ತಮ್ಮ ನೋಟ್‌ಬುಕ್ ತೆಗೆದು, ಮುಂಜಾನೆ ಬರೆದಿದ್ದ 'ಆನೆಗುಂದಿ' ಎಂಬುದನ್ನು ಹೊಡೆದುಹಾಕಲಿಲ್ಲ. ಅದರ ಪಕ್ಕಕ್ಕೆ 'ಗೊಂದಿ, ಮೂಲೆ' ಎಂದು ಸೇರಿಸಿದರು.

ಮಧ್ಯಾಹ್ನದ ಬಸ್ಸಿಗೆ ಗಂಗಾವತಿ ಬಿಟ್ಟು ಕಂಪ್ಲಿ ಸೇತುವೆ ದಾಟಿದೆವು. ಕುರುಗೋಡಿನ ಗುಡ್ಡಗಳು ಕಿಟಕಿಯಲ್ಲಿ ಬಂದು ಹೋದವು. ಮಾವ ನಿದ್ದೆ ಹೋಗಿದ್ದರು. ಬಳ್ಳಾರಿಗೆ ಬಂದಾಗ ಹೊತ್ತು ಮುಳುಗುತ್ತಿತ್ತು. ಆಟೋದಲ್ಲಿ ಮನೆಗೆ ಹೋಗುವಾಗ ಎರಡೂ ಗುಡ್ಡ ಕಪ್ಪಗೆ ಎದ್ದು ನಿಂತಿದ್ದವು. ಮಾವ ಮುಂದಕ್ಕೆ ಬಾಗಿ ಆಟೋದ ಹುಡುಗನನ್ನು ಕೇಳಿದರು.

"ತಮ್ಮಾ, ಆ ಗುಡ್ಡಕ್ಕ ಏನಂತೀರಿ?"

"ಫೇಸ್ ಹಿಲ್ ಸರ್."

ನಾನು ಬಾಯಿ ತೆರೆದೆ. ಮಾವ ನನ್ನ ಮೊಣಕೈ ಹಿಡಿದು ತಡೆದರು. ಜೇಬಿನಿಂದ ನೋಟ್‌ಬುಕ್ ತೆಗೆದು, ಬೀದಿದೀಪದ ಬೆಳಕು ಬಿದ್ದಾಗೆಲ್ಲ ಒಂದೊಂದು ಅಕ್ಷರ ಬರೆದರು: 'ಫೇಸ್ ಹಿಲ್. ಹೇಳಿದವರು: ಆಟೋದ ಹುಡುಗ.' ಆಮೇಲೆ ಮೇಲಿನ ಸಾಲಿನಲ್ಲಿ ಬಿಟ್ಟಿದ್ದ ಜಾಗದಲ್ಲಿ 'ಕುಂಬಾರ ಗುಡ್ಡ' ಎಂದು ಬರೆದು, ಪೆನ್ನು ಹಿಡಿದುಕೊಂಡೇ ನನ್ನ ಕಡೆ ತಿರುಗಿದರು.

"ಹೇಳಿದವರು ಯಾರಂತ ಬರೀಲಿ?"

ನನ್ನ ಹೆಸರು ಬರೆಯಿರಿ ಎಂದೆ.